ಶ್ರೀಮಂತರೂ ಅಳುತ್ತಾರೆ: ಮೆಕ್ಸಿಕೊದ ವೆರೋನಿಕಾ ಕಾಸ್ತ್ರೊ ಬಗ್ಗೆ ಮಾತಾಡೋಣ ಬನ್ನಿ

ತುಂಗಾತೀರ:

ಎಲ್ಲರಿಗೂ ನಮಸ್ಕಾರ. ಒಂದು ವರ್ಷದಿಂದ ಸ್ಪ್ಯಾನಿಷ್ ಕಲಿಯುತ್ತಿದ್ದೇನೆ. ಕಿವಿ ಪಳಗಲಿ ಅಂತ ಮೆಕ್ಸಿಕೊದ ಧಾರಾವಾಹಿ ನೋಡೋಕೆ ಶುರು ಮಾಡಿದೆ. ಅಲ್ಲಿ ಅದಕ್ಕೆ ಟೆಲಿನೊವೆಲಾ ಅಂತಾರೆ. ಮೊದಲು ನೋಡಿದ್ದು ನೆಟ್‌ಫ್ಲಿಕ್ಸ್‌ನಲ್ಲಿ 2018ರಲ್ಲಿ ಬಂದ 'ಲಾ ಕಾಸಾ ದೆ ಲಾಸ್ ಫ್ಲೋರೆಸ್'. ಹೂವಿನ ಅಂಗಡಿ ಇಟ್ಟುಕೊಂಡ ಶ್ರೀಮಂತರ ಮನೆಯ ಕಥೆ. ಹೊರಗೆ ಎಲ್ಲಾ ಅಚ್ಚುಕಟ್ಟು, ಒಳಗೆ ಮನೆ ತುಂಬಾ ಗುಟ್ಟು. ಆ ಮನೆಯ ಯಜಮಾನಿ ವಿರ್ಹಿನಿಯಾ ಪಾತ್ರ ಮಾಡಿದ ಹಿರಿಯ ನಟಿ ಮನಸ್ಸಲ್ಲಿ ಉಳಿದುಬಿಟ್ಟರು. ಯಾರಿವರು ಅಂತ ಹುಡುಕಿದೆ. ವೆರೋನಿಕಾ ಕಾಸ್ತ್ರೊ.

ಹುಡುಕುತ್ತಾ ಹಿಂದೆ ಹೋದೆ. 1979ಕ್ಕೆ ಹೋಗಿ ನಿಂತೆ. ಆ ವರ್ಷ ಮೆಕ್ಸಿಕೊದ ಟೆಲೆವೀಸಾ ವಾಹಿನಿಯಲ್ಲಿ 'ಲೋಸ್ ರಿಕೋಸ್ ತಂಬಿಯೆನ್ ಯೋರಾನ್' ಅಂತ ಒಂದು ಧಾರಾವಾಹಿ ಬಂತು. ಕನ್ನಡದಲ್ಲಿ ಹೇಳೋದಾದರೆ 'ಶ್ರೀಮಂತರೂ ಅಳುತ್ತಾರೆ'. ಅದರಲ್ಲಿ ಇವರು ಮರಿಯಾನ. ತಂದೆ ಸತ್ತು, ಮಲತಾಯಿ ಆಸ್ತಿಗೆ ಕೈಹಾಕಿ, ಹಳ್ಳಿ ಬಿಟ್ಟು ನಗರಕ್ಕೆ ಬರುವ ಹುಡುಗಿ. ಒಂದು ದೊಡ್ಡ ಮನೆಯ ಯಜಮಾನ ಅವಳಿಗೆ ಆಸರೆ ಕೊಡುತ್ತಾನೆ. ಆ ಮನೆಯ ಪುಂಡ ಮಗ ಲುಯಿಸ್ ಅಲ್ಬೆರ್ತೊ ಜೊತೆ ಮದುವೆ ಆಗುತ್ತೆ. ಅವನು ಹೆಂಡತಿಯ ಮೇಲೆ ಅನುಮಾನಪಟ್ಟು ಬಿಟ್ಟುಹೋಗುತ್ತಾನೆ. ಒಬ್ಬಳೇ ಹೆತ್ತು, ತಲೆ ಕೆಟ್ಟಂತಾಗಿ, ಲಾಟರಿ ಚೀಟಿ ಮಾರುವ ಒಬ್ಬ ಹೆಂಗಸಿನ ಕೈಗೆ ಮಗು ಕೊಟ್ಟುಬಿಡುತ್ತಾಳೆ. ಆಮೇಲೆ ವರ್ಷಗಟ್ಟಲೆ ಆ ಮಗುವಿಗಾಗಿ ಹುಡುಕಾಟ.

ನಾನು ನೋಡುವಾಗ ಅಮ್ಮ ಪಕ್ಕದಲ್ಲಿ ಕೂತು ಅವರೆಕಾಳು ಹಿದುಕುತ್ತಿದ್ದರು. ಅವರಿಗೆ ಸ್ಪ್ಯಾನಿಷಿನ ಒಂದಕ್ಷರವೂ ಬರಲ್ಲ. ಆದರೆ ಮರಿಯಾನ ಮಗುವನ್ನು ಎತ್ತಿಕೊಂಡು ಬೀದಿಯಲ್ಲಿ ನಡೆಯುತ್ತಿದ್ದ ಹಾಗೇ ಅಮ್ಮ ಕೈ ನಿಲ್ಲಿಸಿದರು. "ಅಯ್ಯೋ, ಇವಳು ಕೂಸನ್ನ ಯಾರಿಗೋ ಕೊಟ್ಟುಬಿಡ್ತಾಳೆ ಕಣೆ" ಅಂದರು. ಕೊಡೋದು ಇನ್ನೂ ಬಂದಿರಲಿಲ್ಲ. ಆ ಮುಖ ನೋಡಿಯೇ ಅಮ್ಮನಿಗೆ ಗೊತ್ತಾಗಿಹೋಗಿತ್ತು.

ಅವತ್ತಿನಿಂದ ಈ ನಟಿಯ ಬಗ್ಗೆ ಸಿಕ್ಕಿದ್ದೆಲ್ಲ ಓದುತ್ತಿದ್ದೇನೆ. ನಮ್ಮಲ್ಲಿ 'ಅಳುಮುಂಜಿ ಧಾರಾವಾಹಿ' ಅಂತ ಒಂದೇ ಮಾತಲ್ಲಿ ತಳ್ಳಿಬಿಡುತ್ತಾರಲ್ವಾ, ನನಗೆ ಅದು ನೋವಾಗುತ್ತೆ. ಅಳುವ ಪಾತ್ರ ಮಾಡಿದವರ ಬದುಕು ಯಾರೂ ನೋಡಲ್ಲ. ಇವರ ಬಗ್ಗೆ ಗೊತ್ತಿರುವವರು ಇಲ್ಲಿ ಯಾರಾದರೂ ಇದ್ದೀರಾ?

ನೇರನುಡಿ:

ಗೊತ್ತಿಲ್ಲ, ಆದರೆ ಕೇಳೋಕೆ ಆಸೆ ಇದೆ. ಅವರ ಸ್ವಂತ ಬದುಕು ಹೇಗಿತ್ತು? ಸಿನಿಮಾ ಮನೆತನದವರಾ?

ತುಂಗಾತೀರ:

ಇಲ್ಲ ಸರ್. ಹುಟ್ಟಿದ್ದು 1952ರ ಅಕ್ಟೋಬರ್ 19, ಮೆಕ್ಸಿಕೊ ನಗರದಲ್ಲಿ. ಪೂರ್ತಿ ಹೆಸರು ವೆರೋನಿಕಾ ಹುದಿತ್ ಸಾಯೆನ್ಸ್ ಕಾಸ್ತ್ರೊ. ಅಲ್ಲಿ ಮೊದಲು ತಂದೆಯ ಮನೆ ಹೆಸರು, ಆಮೇಲೆ ತಾಯಿಯ ಮನೆ ಹೆಸರು ಬರುತ್ತೆ. ಸಾಯೆನ್ಸ್ ತಂದೆ ಕಡೆಯದು, ಕಾಸ್ತ್ರೊ ತಾಯಿ ಕಡೆಯದು. ತಂದೆ ಮನೆ ಬಿಟ್ಟು ಹೋದರು. ತಾಯಿ ನಾಲ್ಕು ಮಕ್ಕಳನ್ನು ಸಾಕಿದರು. ವೆರೋನಿಕಾ ತೆರೆಯ ಮೇಲೆ ಇಟ್ಟುಕೊಂಡ ಹೆಸರು ಕಾಸ್ತ್ರೊ. ತಾಯಿಯ ಹೆಸರು. ಅವರ ತಮ್ಮ ಹೊಸೆ ಅಲ್ಬೆರ್ತೊ ಕೂಡ ಅದೇ ಹೆಸರು ಇಟ್ಟುಕೊಂಡು ಮುಂದೆ ಟೆಲೆವೀಸಾದ ದೊಡ್ಡ ನಿರ್ಮಾಪಕರಾದರು. ಆಮೇಲೆ ವೆರೋನಿಕಾ ಅವರ ಮಕ್ಕಳ ಹೆಸರಲ್ಲೂ ಇರುವುದು ಅದೇ. ಒಂದು ಹೆಂಗಸಿನ ಹೆಸರು ಮೂರು ತಲೆಮಾರು ನಡೆದುಕೊಂಡು ಬಂತು.

ಹದಿಹರೆಯದಲ್ಲೇ ಕೆಲಸಕ್ಕೆ ಇಳಿದವರು. ಆಗ ಮೆಕ್ಸಿಕೊದಲ್ಲಿ ಫೋಟೊನೊವೆಲಾ ಅಂತ ಪತ್ರಿಕೆಗಳು ಬರುತ್ತಿದ್ದವು. ಚಿತ್ರಕಥೆ ಥರ, ಆದರೆ ಬಿಡಿಸಿದ ಚಿತ್ರದ ಬದಲು ನಟ ನಟಿಯರ ಫೋಟೊ, ಬಾಯಿ ಪಕ್ಕದಲ್ಲಿ ಮಾತಿನ ಗುಳ್ಳೆ. ಬೀದಿ ಬದಿಯ ಗೂಡಂಗಡಿಯಲ್ಲಿ ಮಾರಾಟ. ಅದರಲ್ಲಿ ಮುಖ ತೋರಿಸುತ್ತಿದ್ದರು. 1970ರಲ್ಲಿ 'ಎಲ್ ಎರಾಲ್ದೊ ದೆ ಮೆಹಿಕೊ' ಪತ್ರಿಕೆ ವರ್ಷದ ಹೊಸ ಮುಖ ಅಂತ ಇವರನ್ನು ಆರಿಸಿತು. ಅದರ ನಡುವೆ ಮೆಕ್ಸಿಕೊದ ದೊಡ್ಡ ವಿಶ್ವವಿದ್ಯಾಲಯ ಯುಎನ್‌ಎಎಂನಲ್ಲಿ ಅಂತರರಾಷ್ಟ್ರೀಯ ಸಂಬಂಧಗಳ ಬಗ್ಗೆ ಓದಿದರು.

1974ರ ಡಿಸೆಂಬರ್‌ನಲ್ಲಿ ಮೊದಲ ಮಗ ಕ್ರಿಸ್ತಿಯಾನ್ ಹುಟ್ಟಿದ. ಇವರಿಗೆ ಆಗ 22. ಮಗುವಿನ ತಂದೆ ಆ ಕಾಲದ ಹೆಸರಾಂತ ಹಾಸ್ಯ ನಟ ಮಾನುವೆಲ್ ವಾಲ್ದೆಸ್. ಮದುವೆ ಆಗಿರಲಿಲ್ಲ. ಮಗನನ್ನು ಬೆಳೆಸಿದ್ದು ಇವರೇ. 1981ರಲ್ಲಿ ಎರಡನೇ ಮಗ ಮಿಶೆಲ್ ಹುಟ್ಟಿದ. ಅವನನ್ನೂ ಹಾಗೇ ಬೆಳೆಸಿದರು. 1970ರ ದಶಕದ ಮೆಕ್ಸಿಕೊ ಅಂದರೆ ಗಟ್ಟಿ ಕ್ಯಾಥೊಲಿಕ್ ಸಮಾಜ. ತೆರೆಯ ಮೇಲೆ ಮುಗ್ಧ ಹುಡುಗಿಯ ಪಾತ್ರ ಮಾಡಬೇಕಾದ ನಟಿ, ಮನೆಯಲ್ಲಿ ಮದುವೆಯಿಲ್ಲದ ತಾಯಿ. ನಮ್ಮಲ್ಲಿ ಇವತ್ತಿಗೂ ಇದು ಸುಲಭ ಅಲ್ಲ. ಅವರು ಮುಚ್ಚಿಡಲಿಲ್ಲ.

ಆ ಹುಡುಗ ಕ್ರಿಸ್ತಿಯಾನ್ ಕಾಸ್ತ್ರೊ ಮುಂದೆ ಲ್ಯಾಟಿನ್ ಅಮೆರಿಕದ ತುಂಬಾ ಹೆಸರು ಮಾಡಿದ ಹಾಡುಗಾರ ಆದ.

ಗ್ವಾದಲಹಾರ_ಕನ್ನಡಿಗ:

ಆಹಾ, ಇಲ್ಲಿ ಈ ಹೆಸರು ನೋಡ್ತೀನಿ ಅಂದುಕೊಂಡಿರಲಿಲ್ಲ! ನಾನು ಹಾಸನದವನು. ಆರು ವರ್ಷದಿಂದ ಮೆಕ್ಸಿಕೊದ ಗ್ವಾದಲಹಾರದಲ್ಲಿ ಸಾಫ್ಟ್‌ವೇರ್ ಕೆಲಸ. ಮೊದಲ ಎರಡು ವರ್ಷ ಒಬ್ಬ ಅಜ್ಜಿಯ ಮನೆಯ ಮಾಳಿಗೆ ಮೇಲೆ ಬಾಡಿಗೆಗೆ ಇದ್ದೆ. ಅವರು ಯಾವತ್ತೂ ವೆರೋನಿಕಾ ಕಾಸ್ತ್ರೊ ಅಂತ ಪೂರ್ತಿ ಹೇಳಿದವರಲ್ಲ. 'ಲಾ ವೆರೊ' ಅಂತ. ಹೇಳುವಾಗ 'ಲಾ ಬೆರೊ' ಅಂತ ಕೇಳಿಸುತ್ತೆ. ಸ್ಪ್ಯಾನಿಷ್‌ನಲ್ಲಿ ವ ಮತ್ತು ಬ ಎರಡಕ್ಕೂ ಒಂದೇ ಉಚ್ಚಾರ.

ಅಜ್ಜಿಗೆ ಧಾರಾವಾಹಿಗಿಂತ ಜಾಸ್ತಿ ನೆನಪಿದ್ದದ್ದು ವೆರೊ ನಡೆಸುತ್ತಿದ್ದ ರಾತ್ರಿ ಕಾರ್ಯಕ್ರಮ. 1988ರಲ್ಲಿ ಶುರುವಾದ 'ಮಾಲಾ ನೋಚೆ... ನೊ!'. ಹಾಡುಗಾರರು, ನಟರು ಬಂದು ಕೂರೋದು, ಮಾತು, ಹಾಡು, ನಗು. ಮುಗಿಯೋಕೆ ಹೊತ್ತುಗೊತ್ತು ಇರಲಿಲ್ಲ. ಹಾಡುಗಾರ ಹುವಾನ್ ಗಾಬ್ರಿಯೆಲ್ ಬಂದ ರಾತ್ರಿ ಮುಗಿಯುವಾಗ ಬೆಳಗಾಗಿತ್ತು. ಅಜ್ಜಿ ಅದನ್ನು ಹೇಳುವಾಗ ಕೈಯಲ್ಲಿ ಮೆಕ್ಕೆಜೋಳದ ಹಿಟ್ಟಿನ ಉಂಡೆ ಹಾಗೇ ಹಿಡಿದುಕೊಂಡು ನಿಂತುಬಿಡುತ್ತಿದ್ದರು. ಒಲೆ ಮೇಲಿನ ತೊರ್ತಿಯಾ, ಅಂದರೆ ಅಲ್ಲಿಯ ರೊಟ್ಟಿ, ಕಪ್ಪಾಗುತ್ತಿತ್ತು. ಮಾರನೇ ದಿನ ಬೆಳಿಗ್ಗೆ ಬೀದಿಯಲ್ಲಿ ಎಲ್ಲರ ಕಣ್ಣೂ ಕೆಂಪಾಗಿತ್ತಂತೆ.

ಇಲ್ಲಿ ನಟಿಯರು ಬೇಕಾದಷ್ಟು ಇದ್ದರು. ಧಾರಾವಾಹಿಯಲ್ಲಿ ಅತ್ತು, ಅದರ ಶೀರ್ಷಿಕೆ ಹಾಡನ್ನೂ ತಾವೇ ಹಾಡಿ, ಆಮೇಲೆ ರಾತ್ರಿಯೆಲ್ಲ ನೇರ ಪ್ರಸಾರದಲ್ಲಿ ಜನರನ್ನು ನಗಿಸುತ್ತಾ ಕೂರಬಲ್ಲವರು ಕಡಿಮೆ. ಅವರ 'ಮಕುಂಬಾ' ಹಾಡು ಈಗಲೂ ಮದುವೆ ಮನೆಗಳಲ್ಲಿ ಹಾಕುತ್ತಾರೆ. ಎಲ್ಲರಿಗೂ ಬಾಯಿಪಾಠ.

ಕ್ಲಾಪ್_ಬೋರ್ಡ್:

ನಾನು ಬೆಂಗಳೂರಲ್ಲಿ ಧಾರಾವಾಹಿಗಳಿಗೆ ಸಹಾಯಕ ನಿರ್ದೇಶಕ. ಹನ್ನೆರಡು ವರ್ಷದ ಅನುಭವ. ಈ ಚರ್ಚೆ ನೋಡಿ ಖುಷಿ ಆಯ್ತು. ಅಳೋದು ಸುಮ್ನೆ ಅಲ್ಲ ಅಂತ ನನಗೆ ಗೊತ್ತು. ಗ್ಲಿಸರಿನ್ ಹಚ್ಚಿದರೆ ನೀರು ಬರುತ್ತೆ, ಅಳು ಬರಲ್ಲ. ದಿನಕ್ಕೆ ಹತ್ತು ಹದಿನೈದು ದೃಶ್ಯ, ಬೆಳಿಗ್ಗೆ ಸಂತೋಷ, ಮಧ್ಯಾಹ್ನ ಸಾವು, ಸಂಜೆ ಮತ್ತೆ ನಿಶ್ಚಿತಾರ್ಥ. ಕಥೆಯ ಕ್ರಮದಲ್ಲಿ ಚಿತ್ರೀಕರಣ ನಡೆಯೋದೂ ಇಲ್ಲ. ಮನೆ ಸೆಟ್ ಸಿಕ್ಕಿದ ದಿನ ಮನೆ ದೃಶ್ಯ ಎಲ್ಲಾ ಮುಗಿಸಬೇಕು.

ಮೆಕ್ಸಿಕೊದವರ ಒಂದು ವಿಷಯ ಓದಿ ನನಗೆ ಆಶ್ಚರ್ಯ ಆಗಿತ್ತು. ಟೆಲೆವೀಸಾದಲ್ಲಿ ನಟರ ಕಿವಿಯೊಳಗೆ ಒಂದು ಪುಟ್ಟ ಸಾಧನ ಇಡುತ್ತಾರೆ. ಅದಕ್ಕೆ ಅಲ್ಲಿಯ ಅಡ್ಡಹೆಸರು 'ಚೀಚಾರೊ', ಅಂದರೆ ಬಟಾಣಿ. ಒಳಗೆ ಕೂತವರು ಸಂಭಾಷಣೆ ಓದುತ್ತಾ ಹೋಗುತ್ತಾರೆ, ನಟರು ಕೇಳಿಸಿಕೊಂಡು ಹೇಳುತ್ತಾ ಹೋಗುತ್ತಾರೆ. ಬಾಯಿಪಾಠ ಮಾಡೋ ಹೊತ್ತು ಉಳಿಯುತ್ತೆ, ಕೆಲಸ ಬೇಗ ಮುಗಿಯುತ್ತೆ. ನಮ್ಮ ಸೆಟ್ಟಲ್ಲಿ ಆ ಕೆಲಸ ನಮ್ಮಂಥವರದು. ಕ್ಯಾಮೆರಾ ಪಕ್ಕದಲ್ಲಿ ನಿಂತು ಪ್ರಾಂಪ್ಟ್ ಮಾಡ್ತೀವಿ. ಗಂಟಲು ಕಟ್ಟಿಹೋಗುತ್ತೆ.

ಕಿವಿಯಲ್ಲಿ ಇನ್ನೊಬ್ಬರ ದನಿ ಕೇಳುತ್ತಾ, ಬಾಯಲ್ಲಿ ಅದನ್ನೇ ಹೇಳುತ್ತಾ, ಕಣ್ಣಲ್ಲಿ ಮಗು ಕಳಕೊಂಡ ತಾಯಿಯ ನೋಟ ತರೋದು ಹೇಗೆ? ಮಾಡಿ ನೋಡಿದವರಿಗೇ ಗೊತ್ತು.

ಇನ್ನೊಂದು ವ್ಯತ್ಯಾಸ. ಟೆಲಿನೊವೆಲಾಕ್ಕೆ ಮುಕ್ತಾಯ ಇರುತ್ತೆ. ಕೆಲವು ತಿಂಗಳು, ಒಂದು ವರ್ಷ, ಆಮೇಲೆ 'ಗ್ರಾನ್ ಫಿನಾಲ್' ಅಂತ ದೊಡ್ಡ ಕೊನೆಯ ಕಂತು. ನಮ್ಮಲ್ಲಿ ಟಿಆರ್‌ಪಿ ಬರುವ ತನಕ ಎಳೀತಾನೇ ಇರ್ತೀವಿ. ಸಾವಿರ ಕಂತು ದಾಟಿದ ಮೇಲೆ ಬರೆಯುವವರಿಗೇ ಮೊದಲ ಕಂತು ಮರೆತುಹೋಗಿರುತ್ತೆ. ಮೆಕ್ಸಿಕೊದ ನಟಿಗೆ ಒಂದು ಪಾತ್ರ ಮುಗಿಸಿ ಇನ್ನೊಂದಕ್ಕೆ ಹೋಗುವ ಅವಕಾಶ ಇತ್ತು. ನಮ್ಮ ಹುಡುಗಿಯರು ಎಷ್ಟೋ ಜನ ಒಂದೇ ಸೊಸೆಯಾಗಿ ಐದಾರು ವರ್ಷ ಕಳೆದುಬಿಡುತ್ತಾರೆ.

ಡಾಕ್ಟರಮ್ಮ_ಧಾರವಾಡ:

ನಾನು ಇಲ್ಲಿ ಬರೆಯೋದು ಅಪರೂಪ. ಆದರೆ ಮರಿಯಾನ ಹೆಸರು ನೋಡಿ ಸುಮ್ಮನೆ ಇರೋಕೆ ಆಗಲಿಲ್ಲ.

1991ರಲ್ಲಿ ನಾನು ರಷ್ಯಾದ ವೊರೊನೆಝ್‌ನಲ್ಲಿ ವೈದ್ಯಕೀಯ ಓದುತ್ತಿದ್ದೆ. ಆಗ ಇನ್ನೂ ಸೋವಿಯತ್ ಒಕ್ಕೂಟ. ನವೆಂಬರ್‌ನಲ್ಲಿ ಟಿವಿಯಲ್ಲಿ ಒಂದು ಮೆಕ್ಸಿಕನ್ ಧಾರಾವಾಹಿ ಶುರುವಾಯ್ತು. 'ಬಗಾತಿಯೆ ತೋಝೆ ಪ್ಲಾಚುತ್'. ಶ್ರೀಮಂತರೂ ಅಳುತ್ತಾರೆ. ಮುಂದಿನ ತಿಂಗಳು ದೇಶವೇ ಇರಲಿಲ್ಲ. ಧ್ವಜ ಇಳಿಯಿತು. ಧಾರಾವಾಹಿ ನಡೀತಾನೇ ಇತ್ತು.

1992ರ ಜನವರಿ 2ಕ್ಕೆ ಸರ್ಕಾರ ಬೆಲೆಗಳ ಮೇಲಿನ ಹಿಡಿತ ಬಿಟ್ಟಿತು. ಒಂದು ವಾರದಲ್ಲಿ ಎಲ್ಲದರ ಬೆಲೆ ಆಕಾಶಕ್ಕೆ. ಜೀವಮಾನದ ಉಳಿತಾಯ ಕೈಯಲ್ಲೇ ಕರಗಿಹೋಯಿತು. ನಮ್ಮ ಹಾಸ್ಟೆಲಿನ ಬಾಗಿಲು ಕಾಯಲು ಒಬ್ಬ ಅಜ್ಜಿ ಇದ್ದರು. ಅಂಥವರನ್ನು ಅಲ್ಲಿ ದೆಝೂರ್ನಾಯಾ ಅಂತಾರೆ. ತಲೆಗೆ ಬೂದು ಉಣ್ಣೆಯ ಶಾಲು, ಮೇಜಿನ ಮೇಲೆ ಒಂದು ಚಿಕ್ಕ ಕಪ್ಪುಬಿಳುಪು ಟಿವಿ. ನಾವು ಹೊರಗಿನಿಂದ ಬಂದರೆ ಬೂಟಿನ ಹಿಮ ಕೊಡವಿಲ್ಲ ಅಂತ ಬೈಯುತ್ತಿದ್ದ ಗಟ್ಟಿ ಹೆಂಗಸು. ಮರಿಯಾನ ಬರುವ ಹೊತ್ತಿಗೆ ಮಾತ್ರ ಯಾರು ಬಂದರೂ ಹೋದರೂ ಕೇಳುತ್ತಿರಲಿಲ್ಲ. "ಕೂತ್ಕೋ ಮಗಳೇ" ಅಂತ ಪಕ್ಕದ ಸ್ಟೂಲ್ ತೋರಿಸುತ್ತಿದ್ದರು. ಒಂದು ಲೋಟ ಕಪ್ಪು ಚಹಾ, ಒಂದು ತುಂಡು ಕಪ್ಪು ಬ್ರೆಡ್. ಸಕ್ಕರೆ ಇರಲಿಲ್ಲ. ಯಾರಿಗೂ ಇರಲಿಲ್ಲ.

ನನ್ನ ರಷ್ಯನ್ ಆಗ ಅಷ್ಟಕ್ಕಷ್ಟೇ. ಬಹುಪಾಲು ಕಲಿತದ್ದು ಆ ಸ್ಟೂಲಿನ ಮೇಲೆ. ಮರುದಿನ ಬೆಳಿಗ್ಗೆ ಅದೇ ಕಂತು ಮತ್ತೆ ಹಾಕುತ್ತಿದ್ದರು. ರಾತ್ರಿ ಅರ್ಥವಾಗದ ಮಾತು ಬೆಳಿಗ್ಗೆ ಅರ್ಥವಾಗುತ್ತಿತ್ತು. ಒಂದು ದಿನ ಅಜ್ಜಿ ಅಳುತ್ತಾ ಕೂತಿದ್ದರು. ಮರಿಯಾನಳಿಗೆ ಏನಾಯ್ತು ಅಂತ ಕೇಳಿದೆ. ಏನೂ ಆಗಿಲ್ಲ ಅಂದರು. ಸಾವಿಗೆ ಅಂತ ಎತ್ತಿಟ್ಟ ದುಡ್ಡಿಗೆ ಈಗ ಒಂದು ಸಾಸೇಜ್ ಬರುತ್ತೆ ಅಂದರು. ಮತ್ತೆ ಟಿವಿ ಕಡೆ ತಿರುಗಿದರು.

1992ರ ಸೆಪ್ಟೆಂಬರ್‌ನಲ್ಲಿ ವೆರೋನಿಕಾ ಮಾಸ್ಕೋಗೆ ಬಂದರು. ಜನ ಹೇಗೆ ಮುತ್ತಿಕೊಂಡರು ಅನ್ನೋದನ್ನು ಸುದ್ದಿಯಲ್ಲಿ ನೋಡಿದೆವು. ಚಳಿಕೋಟಿನ ಹೆಂಗಸರು ಹೂವು ಹಿಡಿದು ಅಳುತ್ತಿದ್ದರು. ಅಜ್ಜಿ ಪರದೆಗೆ ಮೂಗು ತಾಗುವಷ್ಟು ಹತ್ತಿರ ಹೋಗಿ ನೋಡಿ, "ಅಯ್ಯೋ, ಎಷ್ಟು ಕುಳ್ಳಿ!" ಅಂದರು. ಅಷ್ಟು ದಿನ ಅವರ ಮನಸ್ಸಲ್ಲಿ ಮರಿಯಾನ ಎತ್ತರದ ಹೆಂಗಸಾಗಿದ್ದಳು.

ಹಳೇ_ರೇಡಿಯೊ:

ಡಾಕ್ಟರಮ್ಮ, ಓದಿ ಕಣ್ಣು ತುಂಬಿತು.

ಒಂದು ಮಾತು ಸೇರಿಸುತ್ತೇನೆ. ರಷ್ಯಾಕ್ಕೆ ಮರಿಯಾನ ಹೋದಳು, ನಮ್ಮ ಮನೆಗಳಿಗೆ ಯಾಕೆ ಬರಲಿಲ್ಲ? ಕನ್ನಡದಲ್ಲಿ ಬಹಳ ಕಾಲ ಡಬ್ಬಿಂಗ್ ನಡೆಯುತ್ತಿರಲಿಲ್ಲ. ಆದರೆ ಟೆಲಿನೊವೆಲಾ ಬೇರೆ ಬಾಗಿಲಿಂದ ನಮ್ಮ ಮನೆಗೂ ಬಂದಿದೆ. ದೂರದರ್ಶನದ 'ಹಮ್ ಲೋಗ್' ನೆನಪಿದೆಯಾ? 1984ರ ಜುಲೈನಲ್ಲಿ ಶುರುವಾಯ್ತು. ಹಿಂದಿ ಸರಿಯಾಗಿ ಬರದಿದ್ದರೂ ನಮ್ಮ ವಠಾರದಲ್ಲಿ ಟಿವಿ ಇದ್ದ ಒಂದೇ ಮನೆಯಲ್ಲಿ ಎಲ್ಲರೂ ಕೂತು ನೋಡುತ್ತಿದ್ದೆವು. ಕೊನೆಯಲ್ಲಿ ಹಿಂದಿ ನಟ ಅಶೋಕ್ ಕುಮಾರ್ ಬಂದು ಆ ದಿನದ ಕಥೆಯ ಬಗ್ಗೆ ಎರಡು ಮಾತು ಹೇಳುತ್ತಿದ್ದರು.

ಅದರ ಬೇರು ಮೆಕ್ಸಿಕೊದಲ್ಲಿದೆ. ಆಗ ವಾರ್ತಾ ಮತ್ತು ಪ್ರಸಾರ ಸಚಿವರಾಗಿದ್ದ ವಸಂತ ಸಾಠೆ 1982ರಲ್ಲಿ ಮೆಕ್ಸಿಕೊಗೆ ಹೋಗಿದ್ದರು. ಅಲ್ಲಿ ಮಿಗೆಲ್ ಸಾಬಿದೊ ಅಂತ ಒಬ್ಬರು ಟೆಲೆವೀಸಾದಲ್ಲಿ ಹೊಸ ಬಗೆಯ ಧಾರಾವಾಹಿ ಮಾಡುತ್ತಿದ್ದರು. 1975ರ 'ವೆನ್ ಕೊನ್ಮಿಗೊ' ಓದು ಬರಹ ಕಲಿಯುವ ದೊಡ್ಡವರ ಕಥೆ. 1977ರ 'ಅಕೊಂಪಾನ್ಯಮೆ' ಕುಟುಂಬ ಯೋಜನೆಯ ಕಥೆ. ಪಾಠ ಮಾಡೋದಿಲ್ಲ. ನಮ್ಮ ನಿಮ್ಮಂಥ ಒಬ್ಬರು ತಪ್ಪು ಮಾಡಿ, ಹಿಂಜರಿದು, ಕೊನೆಗೆ ಒಂದು ಹೆಜ್ಜೆ ಇಡುತ್ತಾರೆ. ನೋಡುವವರು ಅವರ ಜೊತೆ ಹೆಜ್ಜೆ ಇಡುತ್ತಾರೆ. ಆ ವಿಚಾರ ಇಲ್ಲಿಗೆ ಬಂದು 'ಹಮ್ ಲೋಗ್' ಆಯಿತು. ಹಾಗಾಗಿ ಮರಿಯಾನಳ ದಾಯಾದಿಗಳನ್ನು ನಾವೂ ನೋಡಿದ್ದೇವೆ.

ಮೆಕ್ಸಿಕೊಗೆ ಈ ಕಲೆ ಬಂದದ್ದಾದರೂ ಎಲ್ಲಿಂದ? ಕ್ಯೂಬಾದ ರೇಡಿಯೊದಿಂದ. 'ಶ್ರೀಮಂತರೂ ಅಳುತ್ತಾರೆ' ಮೂಲ ಕಥೆ ಬರೆದ ಇನೆಸ್ ರೊದೇನಾ ಕ್ಯೂಬಾದ ರೇಡಿಯೊ ನಾಟಕಗಾರ್ತಿ. ನಾನು ಆಕಾಶವಾಣಿ ಕೇಳಿ ಬೆಳೆದವನು. ನಾಟಕಕ್ಕೆ ದನಿಯೊಂದೇ ಸಾಕು ಅನ್ನೋದು ಗೊತ್ತು.

ನೇರನುಡಿ:

ಎಲ್ಲರೂ ಚೆನ್ನಾಗಿ ಬರೀತಿದ್ದೀರಿ. ಆದರೂ ನನಗೆ ಒಂದು ತಕರಾರು ಇದೆ. ಬಡ ಹುಡುಗಿ, ಸಿರಿವಂತ ಹುಡುಗ, ಅನುಮಾನ, ಕಣ್ಣೀರು, ಕೊನೆಗೆ ಅದೇ ಗಂಡನ ತೋಳು. ಇದು ಹೆಂಗಸರಿಗೆ ಏನು ಕೊಟ್ಟಿತು? ನನ್ನ ಅಕ್ಕ ಇಂಥದ್ದನ್ನೇ ನೋಡುತ್ತಾ, ಸಹಿಸಿಕೊಂಡರೆ ಒಂದು ದಿನ ಎಲ್ಲಾ ಸರಿ ಹೋಗುತ್ತೆ ಅಂತ ಇಪ್ಪತ್ತು ವರ್ಷ ಕಳೆದಳು. ಸರಿ ಹೋಗಲಿಲ್ಲ. ನಟಿ ಒಳ್ಳೆಯವರಿರಬಹುದು. ಕಥೆಯ ಮೇಲೆ ನನಗೆ ಸಿಟ್ಟಿದೆ.

ತುಂಗಾತೀರ:

ಸರ್, ನಿಮ್ಮ ಸಿಟ್ಟು ನ್ಯಾಯವಾದದ್ದೇ. ಅಕ್ಕನ ವಿಷಯ ಓದಿ ಬೇಜಾರಾಯ್ತು. ನಾನು ಕಥೆಯ ಪರ ವಾದ ಮಾಡಲ್ಲ. ನಿರ್ಮಾಪಕ ವಲೆಂತಿನ್ ಪಿಮ್‌ಸ್ಟೈನ್ ಇದೇ ಕಥೆಯನ್ನು ಬೇರೆ ಬೇರೆ ಸೀರೆ ಉಡಿಸಿ ಎಷ್ಟೋ ಸಲ ಕೊಟ್ಟರು. 1987ರಲ್ಲಿ ವೆರೋನಿಕಾ ಜೊತೆಗೇ 'ರೋಸಾ ಸಾಲ್ವಾಹೆ' ಮಾಡಿದರು. ಮತ್ತೆ ಬಡ ಕೇರಿಯ ಹುಡುಗಿ, ಮತ್ತೆ ದೊಡ್ಡ ಮನೆ. ಆಗ ವೆರೋನಿಕಾಗೆ ಮೂವತ್ತೈದರ ಹತ್ತಿರ. ಬೀದಿ ಹುಡುಗರ ಜೊತೆ ಆಡುವ, ಗೋಡೆ ಹಾರಿ ಹಣ್ಣು ಕದಿಯುವ ಹುಡುಗಿಯಾಗಿ ಕಾಣಿಸಿಕೊಂಡರು. ನೋಡಿ, ನಂಬುತ್ತೀರಿ.

ಅದರಲ್ಲಿ ಅವರ ಗಂಡನ ಪಾತ್ರ ಮಾಡಿದ್ದು ಗಿಯೆರ್ಮೊ ಕಾಪೆತಿಯೊ. ಇದೇ ಕಾಪೆತಿಯೊ 'ಶ್ರೀಮಂತರೂ ಅಳುತ್ತಾರೆ'ಯಲ್ಲಿ ಅವರ ಕಳೆದುಹೋದ ಮಗ ಬೆತೊ! ಇಬ್ಬರ ವಯಸ್ಸಿನ ಅಂತರ ಆರು ವರ್ಷವೂ ಇಲ್ಲ. 27ರ ಹೆಂಗಸು ಬೆಳೆದ ಮಗನ ತಾಯಿಯಾಗಿ ನಿಂತು ಜನರನ್ನು ಅಳಿಸಿದಳು. ಎಂಟು ವರ್ಷ ಆದಮೇಲೆ ಅದೇ ಹುಡುಗನಿಗೆ ಹೆಂಡತಿಯಾಗಿ ಜನರನ್ನು ನಗಿಸಿದಳು. ವಯಸ್ಸು ಏರೋದು ಇಳಿಯೋದು ಅವರ ನಡಿಗೆಯಲ್ಲಿ ಇತ್ತು. ಮರಿಯಾನ ತಾಯಿಯಾದ ಮೇಲೆ ಭುಜ ಸ್ವಲ್ಪ ಮುಂದಕ್ಕೆ ಬಾಗುತ್ತೆ, ನಗು ಅರ್ಧಕ್ಕೇ ನಿಲ್ಲುತ್ತೆ. ರೋಸಾ ನಡೆಯುವಾಗ ಕೈ ಎರಡೂ ಸುಮ್ಮನಿರಲ್ಲ.

ನಿಮ್ಮ ಪ್ರಶ್ನೆಗೆ ಉತ್ತರ ನನಗೆ ಕಾಣೋದು ಮರಿಯಾನ ಆದಮೇಲೆ ಅವರು ಆರಿಸಿಕೊಂಡ ಬೇರೆ ಕೆಲಸದಲ್ಲಿ. 1981ರಲ್ಲಿ 'ಎಲ್ ದೆರೆಚೊ ದೆ ನಾಸೆರ್'. ಮದುವೆಯಿಲ್ಲದೆ ತಾಯಿಯಾಗಿ, ಸ್ವಂತ ತಂದೆಯ ಕೋಪಕ್ಕೆ ಮಗುವನ್ನು ಕಳಕೊಳ್ಳುವ ಮರಿಯಾ ಎಲೆನಾ ಪಾತ್ರ. ಮನೆಯಲ್ಲಿ ತಂದೆಯಿಲ್ಲದ ಮಗನನ್ನು ಸಾಕುತ್ತಿದ್ದ ನಟಿ ಆ ಪಾತ್ರ ಮಾಡಿದಾಗ ನೋಡುವವರಿಗೂ ಅದು ಗೊತ್ತಿತ್ತು. ಆಮೇಲೆ ಅರ್ಜೆಂಟೀನಕ್ಕೆ ಹೋಗಿ ಅಲ್ಲಿ ಕೆಲವು ಧಾರಾವಾಹಿ, ಇಟಲಿಗೆ ಹೋಗಿ ಒಂದು. 1990ರಲ್ಲಿ 'ಮಿ ಪೆಕೆನ್ಯಾ ಸೊಲೆದಾದ್'. ಅದಕ್ಕೆ ನಿರ್ಮಾಪಕಿಯೂ ಅವರೇ. ತಾಯಿ ಮಗಳು ಎರಡೂ ಪಾತ್ರ ಅವರದೇ. 1997ರ 'ಪುಯೆಬ್ಲೊ ಚಿಕೊ, ಇನ್ಫಿಯೆರ್ನೊ ಗ್ರಾಂದೆ'ಯಲ್ಲಿ ತನಗಿಂತ ಚಿಕ್ಕವನನ್ನು ಪ್ರೀತಿಸುವ ವಿಧವೆ. ಊರು ಬಾಯಿ ಬಡಿದುಕೊಳ್ಳುತ್ತೆ, ಅವಳು ಬಗ್ಗಲ್ಲ. ಕಾಯುತ್ತಾ ಕೂತ ಹುಡುಗಿ ಅಲ್ಲಿ ಇಲ್ಲ.

ನೇರನುಡಿ:

ಆ ಕೊನೆಯದನ್ನು ಅಕ್ಕನಿಗೆ ಹಾಕಿಕೊಡುತ್ತೇನೆ. ಕನ್ನಡ ಅಡಿಬರಹ ಸಿಗಲ್ಲ ಅಲ್ವಾ? ಪಕ್ಕದಲ್ಲಿ ಕೂತು ನಾನೇ ಹೇಳುತ್ತೇನೆ.

ಹೊಸ_ಚಿಗುರು:

ನನಗೆ 24. ನನಗೆ ಗೊತ್ತಿದ್ದದ್ದು ಮೆಕ್ಸಿಕೊದ ನಟಿ ತಾಲಿಯಾ ಒಬ್ಬರೇ. ಅವರ 'ಮರಿಯಾ ಲಾ ದೆಲ್ ಬಾರಿಯೊ' ಧಾರಾವಾಹಿಯ ತುಣುಕುಗಳು ಇಂಟರ್‌ನೆಟ್ ತುಂಬಾ ಇವೆಯಲ್ಲ, ಗಾಲಿಕುರ್ಚಿಯ ಹುಡುಗಿಯ ಮೇಲೆ ಖಳನಾಯಕಿ ಸೊರಾಯಾ ಕಿರುಚುವ ದೃಶ್ಯ! ಆ ಧಾರಾವಾಹಿಗೂ ಇದಕ್ಕೂ ಸಂಬಂಧ ಇದೆಯಾ? ಕಥೆ ಒಂದೇ ಥರ ಕಾಣ್ತಿದೆ.

ಗ್ವಾದಲಹಾರ_ಕನ್ನಡಿಗ:

ಒಂದೇ ಥರ ಅಲ್ಲ, ಅದೇ ಕಥೆ. 1995ರ 'ಮರಿಯಾ ಲಾ ದೆಲ್ ಬಾರಿಯೊ' ನಮ್ಮ 'ಶ್ರೀಮಂತರೂ ಅಳುತ್ತಾರೆ'ಯ ಮರುನಿರ್ಮಾಣ. ಮರಿಯಾನ ಅಲ್ಲಿ ಮರಿಯಾ ಆದಳು, ಲುಯಿಸ್ ಅಲ್ಬೆರ್ತೊ ಅಲ್ಲಿ ಲುಯಿಸ್ ಫೆರ್ನಾಂದೊ ಆದ. 2022ರಲ್ಲಿ ಮೂಲ ಹೆಸರಲ್ಲೇ ಮತ್ತೊಂದು ಸಲ ಮಾಡಿದರು. ಒಂದೇ ತಾಯಿಗೆ ಹುಟ್ಟಿದ ಮಕ್ಕಳ ಥರ, ಎಲ್ಲರಿಗೂ ಒಂದೇ ಮೂಗು.

ಮೂಲದಲ್ಲಿ ಮರಿಯಾನಳ ಸಾಕುಮಗಳು ಮಾರಿಸಾಬೆಲ್ ಪಾತ್ರ ಮಾಡಿದ ಹುಡುಗಿ ಯಾರು ಗೊತ್ತಾ? ಎದಿತ್ ಗೊನ್ಸಾಲೆಸ್. ಮುಂದೆ ಅವರೂ ದೊಡ್ಡ ನಾಯಕಿಯಾದರು. 2019ರಲ್ಲಿ ಕ್ಯಾನ್ಸರ್‌ನಿಂದ ತೀರಿಕೊಂಡಾಗ ಇಲ್ಲಿ ಎಲ್ಲರಿಗೂ ಮನೆಯ ಹುಡುಗಿ ಹೋದ ಹಾಗಾಯ್ತು. ಲುಯಿಸ್ ಅಲ್ಬೆರ್ತೊ ಪಾತ್ರದ ರೊಹೇಲಿಯೊ ಗೆರ್ರಾ ಅದಕ್ಕೂ ಒಂದು ವರ್ಷ ಮೊದಲೇ ಹೋಗಿದ್ದರು. ಅಜ್ಜಿ ಆ ಸಂಜೆ ಹಳೇ ಕಂತು ಹಾಕಿಸಿಕೊಂಡು ನೋಡಿದರು.

ಕ್ಲಾಪ್_ಬೋರ್ಡ್:

ವೆರೋನಿಕಾ ಅವರಿಗೆ ಈಗ ಹೇಗಿದೆ? ಬಿಗ್ ಬ್ರದರ್ ಕಾರ್ಯಕ್ರಮದಲ್ಲಿ ಏನೋ ಪೆಟ್ಟು ಬಿದ್ದಿತ್ತು ಅಂತ ಓದಿದ ನೆನಪು.

ತುಂಗಾತೀರ:

ಹೌದು. ಮೆಕ್ಸಿಕೊದ 'ಬಿಗ್ ಬ್ರದರ್ ವಿಐಪಿ'ಯನ್ನು ಅವರು ನಡೆಸಿಕೊಡುತ್ತಿದ್ದರು. ನಮ್ಮ ಬಿಗ್ ಬಾಸ್ ಥರದ್ದೇ. 2004ರಲ್ಲಿ ಅದರ ಚಿತ್ರೀಕರಣಕ್ಕೆ ಅವರನ್ನು ಆನೆಯ ಮೇಲೆ ಕೂರಿಸಿದ್ದರು. ಅಲ್ಲಿ ಅಪಘಾತ ಆಯ್ತು. ಕುತ್ತಿಗೆ, ಬೆನ್ನುಮೂಳೆಗೆ ಪೆಟ್ಟು. ಆಮೇಲೆ ಶಸ್ತ್ರಚಿಕಿತ್ಸೆಗಳು. ಆ ನೋವು ಅವರನ್ನು ಬಿಡಲೇ ಇಲ್ಲ. ಒಂದು ಪ್ರವೇಶ ದೃಶ್ಯ ಅದ್ದೂರಿಯಾಗಿ ಕಾಣಲಿ ಅಂತ ಒಬ್ಬ ಹೆಂಗಸಿನ ಬೆನ್ನು ಪಣಕ್ಕಿಟ್ಟರಲ್ಲ ಅಂತ ನನಗೆ ಓದುವಾಗಲೆಲ್ಲ ಸಂಕಟ ಆಗುತ್ತೆ.

ಈಗ ಮತ್ತೆ 2018ಕ್ಕೆ ಬನ್ನಿ. 'ಲಾ ಕಾಸಾ ದೆ ಲಾಸ್ ಫ್ಲೋರೆಸ್'ನಲ್ಲಿ ನಾನು ನೋಡಿದ ಆ ನೆಟ್ಟಗೆ ನಿಂತ ಯಜಮಾನಿ ಅದೇ ಬೆನ್ನಿನವರು. ಅವರಿಗಾಗ 65. ನಿರ್ದೇಶಕ ಮಾನೊಲೊ ಕಾರೊ ಹಳೇ ಟೆಲಿನೊವೆಲಾಗಳನ್ನು ನೋಡಿ ಬೆಳೆದವರು. ಅಂಥ ಕಥೆಗೆ ಅದೇ ಕಾಲದ ರಾಣಿಯನ್ನು ಕರೆದುಕೊಂಡು ಬಂದರು. ಮನೆ ಮಾನ ಉಳಿಸೋಕೆ, ದುಡ್ಡಿನ ತೊಂದರೆಗೆ, ಆ ಯಜಮಾನಿ ಹೂವಿನ ಅಂಗಡಿಯ ಮರೆಯಲ್ಲಿ ಗಾಂಜಾ ಮಾರೋಕೆ ನಿಲ್ಲುತ್ತಾಳೆ! ಮರಿಯಾನಳನ್ನು ಪೂಜಿಸಿದವರು ಇದನ್ನು ನೋಡಿ ಬೆಚ್ಚಿಬಿದ್ದಿರಬೇಕು. ನನಗಂತೂ ಬಹಳ ಇಷ್ಟವಾಯ್ತು. ಮೊದಲ ಸೀಸನ್ ಆದಮೇಲೆ ಅವರು ಮುಂದುವರಿಯಲಿಲ್ಲ. ಎರಡನೇ ಸೀಸನ್‌ನಲ್ಲಿ ಆ ಪಾತ್ರ ಸತ್ತುಹೋಗಿರುತ್ತೆ, ಮನೆ ಖಾಲಿ ಖಾಲಿ ಅನ್ನಿಸುತ್ತೆ. 2019ರಲ್ಲಿ ಇನ್ನು ಸಾಕು, ನಟನೆ ಬಿಡುತ್ತೇನೆ ಅಂದರು. ಆದರೂ 2022ರಲ್ಲಿ 'ಕುವಾಂದೊ ಸೆಯಾ ಹೊವೆನ್' ಅನ್ನೋ ಸಿನಿಮಾದಲ್ಲಿ ಬಂದರು. ಅಜ್ಜಿಯೊಬ್ಬಳು ಇದ್ದಕ್ಕಿದ್ದ ಹಾಗೆ ಹುಡುಗಿಯಾಗುವ ಕಥೆ. ಅಜ್ಜಿ ಇವರು.

ಡಾಕ್ಟರಮ್ಮ_ಧಾರವಾಡ:

ತುಂಗಾತೀರ ಮೇಡಂ, ಒಂದು ವಿನಂತಿ. ನಿಮ್ಮ ಹತ್ತಿರ ಕೊನೆಯ ಕಂತು ಇದೆಯಾ? ನಾನು ಅದನ್ನು ಸರಿಯಾಗಿ ನೋಡಲೇ ಇಲ್ಲ. ಪರೀಕ್ಷೆ ಇತ್ತು. ಅಜ್ಜಿ ಆಮೇಲೆ ಮೆಟ್ಟಿಲ ಮೇಲೆ ನಿಲ್ಲಿಸಿ ಅಭಿನಯಿಸಿ ತೋರಿಸಿದ್ದರು. ಪೊರಕೆ ಹಿಡಿದು ಅದನ್ನೇ ಪಿಸ್ತೂಲು ಮಾಡಿಕೊಂಡಿದ್ದರು. ಗಂಡ ಬೆತೊನನ್ನು ಹೆಂಡತಿಯ ಗೆಳೆಯ ಅಂದುಕೊಂಡು ಗುರಿ ಇಡುತ್ತಾನೆ, ಮರಿಯಾನ ಅವನು ನಮ್ಮ ಮಗ ಅಂತ ಕೂಗುತ್ತಾಳೆ. ನನ್ನ ತಲೆಯಲ್ಲಿ ಇರುವ ಕೊನೆಯ ಕಂತು ಅಜ್ಜಿ ಮಾಡಿದ್ದು. ಮೂವತ್ತು ವರ್ಷ ಆದಮೇಲೆ ನಿಜವಾದದ್ದನ್ನು ನೋಡೋಣ ಅನ್ನಿಸುತ್ತಿದೆ.

ತುಂಗಾತೀರ:

ಇದೆ ಡಾಕ್ಟರಮ್ಮ, ಈಗಲೇ ಕಳಿಸುತ್ತೇನೆ. ನೋಡಿ ಬರೆಯಿರಿ, ಅಜ್ಜಿಯ ಪೊರಕೆಗೂ ಅದಕ್ಕೂ ಎಷ್ಟು ಹೋಲಿಕೆ ಅಂತ. ನಾವು ಮೊನ್ನೆ ಭಾನುವಾರ ನೋಡಿ ಮುಗಿಸಿದ್ದೇವೆ.

ಮುಗಿದ ಮೇಲೆ ಅಮ್ಮ ಶೀರ್ಷಿಕೆ ಹಾಡನ್ನು ಮತ್ತೊಂದು ಸಲ ಹಾಕು ಅಂದರು. 'ಅಪ್ರೆಂದಿ ಆ ಯೋರಾರ್'. ಅಳುವುದನ್ನು ಕಲಿತೆ ಅಂತ ಅರ್ಥ. ಹಾಡಿರುವುದೂ ಅವಳೇ ಅಂದೆ. ಅಮ್ಮ ನಂಬಲಿಲ್ಲ. ಮತ್ತೆ ಕೇಳಿ, ಹೌದು ಅದೇ ದನಿ ಅಂದರು.

ಅಮ್ಮನ ಹತ್ತಿರ ಒಂದು ಹಾಡಿನ ಪುಸ್ತಕ ಇದೆ. ಕಾಲೇಜಿನ ದಿನಗಳಿಂದ ಬರೆದಿಟ್ಟದ್ದು. ರಟ್ಟು ಕಿತ್ತುಹೋಗಿದೆ, ದಾರದಲ್ಲಿ ಹೊಲಿದಿದ್ದಾರೆ. ಅದರ ಕೊನೆಯ ಪುಟ ತೆಗೆದು ಹಾಡಿನ ಮೊದಲ ಸಾಲನ್ನು ಕನ್ನಡದಲ್ಲಿ ಕೇಳಿದ ಹಾಗೆ ಬರೆದುಕೊಂಡರು. ಕೆಳಗೆ ಹಾಡಿದವರ ಹೆಸರು ಬರೆಯೋಕೆ ಹೋಗಿ ಪೆನ್ನು ನಿಲ್ಲಿಸಿದರು. ನಾನು ಗ್ವಾದಲಹಾರದ ಅಣ್ಣ ಬರೆದದ್ದನ್ನು ಅವರಿಗೆ ಓದಿ ಹೇಳಿದ್ದೆ.

"ವೆ ಬರೀಲಾ, ಬೆ ಬರೀಲಾ?" ಅಂದರು.

ಗ್ವಾದಲಹಾರ_ಕನ್ನಡಿಗ:

ಬೆ ಅಂತ ಬರೆಯೋಕೆ ಹೇಳಿ ಅಕ್ಕ. ಇಲ್ಲಿ ಎಲ್ಲರೂ ಹಾಗೇ ಕರೆಯೋದು.